ಥರ್ಡ್ ಸೆಕ್ರೆಟರಿಯ ಮೇಜು

ವಿದೇಶಾಂಗ ಸೇವೆ (ಐಎಫ್‌ಎಸ್) ಸೇರಿದವರು ರಾಯಭಾರ ಕಚೇರಿಯಲ್ಲಿ ಮೊದಲು ಕೂರುವುದು ಥರ್ಡ್ ಸೆಕ್ರೆಟರಿಯ ಮೇಜಿನಲ್ಲಿ; ಇದು ಆ ಮೇಜಿನ ಮಾತು. ಅಲ್ಲಿಗೆ ದಾರಿಯಾದ ಯುಪಿಎಸ್‌ಸಿ ಪರೀಕ್ಷೆ ಬಗ್ಗೆ ಬರೆಯುವವರು ಬೇಕಾದಷ್ಟು ಜನ ಇದ್ದಾರೆ, ಅದನ್ನು ಬೇಗ ದಾಟಿಬಿಡೋಣ. ಮೇನ್ಸ್ 1750, ಸಂದರ್ಶನ 275, ಒಟ್ಟು 2025 ಅಂಕ. ಉತ್ತರ ಕನ್ನಡದಲ್ಲೇ ಬರೆಯಬಹುದು, ಕನ್ನಡ ಸಾಹಿತ್ಯವನ್ನು ಐಚ್ಛಿಕವಾಗಿ ತೆಗೆದುಕೊಳ್ಳಬಹುದು. ವಿದೇಶಾಂಗ ಸೇವೆಗೆ ಅದರಿಂದ ಅಡ್ಡಿಯೇನಿಲ್ಲ. ಎಚ್ಚರ ಬೇಕಾದದ್ದು ಸೇವೆಗಳ ಆದ್ಯತೆ ಪಟ್ಟಿ ತುಂಬುವಾಗ. ಯಾರೋ ಹೇಳಿದರೆಂದು ಐಎಫ್‌ಎಸ್ ಅನ್ನು ಮೊದಲು ಬರೆದು, ಫಲಿತಾಂಶ ಬಂದ ಮೇಲೆ 'ಡಿಸಿ ಆಗಬಹುದಿತ್ತಲ್ಲ' ಎಂದು ಕೊರಗುವವರು ಪ್ರತಿ ಬ್ಯಾಚಿನಲ್ಲೂ ಒಬ್ಬಿಬ್ಬರು ಇರುತ್ತಾರೆ. ಐಎಎಸ್ ಅಥವಾ ಐಎಫ್‌ಎಸ್ ಸೇರಿ ಕೂತವರಿಗೆ ಅದೇ ಪರೀಕ್ಷೆಯನ್ನು ಮತ್ತೆ ಬರೆಯುವ ದಾರಿ ಇಲ್ಲ.

ಡಿಸಿ ಅಂದರೆ ಊರಿನಲ್ಲಿ ಎಲ್ಲರಿಗೂ ಗೊತ್ತು. ಥರ್ಡ್ ಸೆಕ್ರೆಟರಿ ಅಂದರೆ 'ಪಂಚಾಯ್ತಿ ಸೆಕ್ರೆಟರಿ ಥರವಾ?' ಅನ್ನುತ್ತಾರೆ. ಅದನ್ನು ಪೂರ್ತಿ ತಪ್ಪು ಅನ್ನಲಾಗದು. ಮೊದಲ ಐದಾರು ವರ್ಷ ಈ ಕೆಲಸ ಗುಮಾಸ್ತಿಕೆಗೆ ಬಲು ಹತ್ತಿರ: ಬರೆಯುವುದು, ತಿದ್ದುವುದು, ಹೆಸರು ಸರಿ ಇದೆಯಾ ನೋಡುವುದು, ಮತ್ತೆ ಬರೆಯುವುದು. ಹೊರದೇಶಗಳಲ್ಲಿರುವ ನಮ್ಮ ಮಿಷನ್‌ಗಳು, ಅಂದರೆ ರಾಯಭಾರ ಕಚೇರಿ, ಕಾನ್ಸುಲೇಟ್ ಮುಂತಾದವು, ಇನ್ನೂರರ ಹತ್ತಿರ, ಅಧಿಕಾರಿಗಳು ಸಾವಿರದ ಆಸುಪಾಸು. ಹಾಗಾಗಿ ಸಣ್ಣ ಮಿಷನ್‌ಗೆ ಹೋದವರಿಗೆ ರಾಜಕೀಯ, ವ್ಯಾಪಾರ, ಕಾನ್ಸುಲರ್ (ಅಲ್ಲಿರುವ ನಮ್ಮ ಜನರ ಕಷ್ಟಸುಖದ ಕೆಲಸ), ಸಂಸ್ಕೃತಿ, ಕಚೇರಿಯ ಜನರೇಟರ್ ಎಲ್ಲವೂ ಒಂದೇ ಮೇಜಿಗೆ ಬರುತ್ತವೆ.

ತರಬೇತಿ ಮಸ್ಸೂರಿಯಲ್ಲಿ ಶುರು, ಎಲ್ಲ ಸೇವೆಯವರ ಜೊತೆ ಮೂರು ತಿಂಗಳ ಮೇಲೆ ಚಿಲ್ಲರೆ ಫೌಂಡೇಶನ್ ಕೋರ್ಸ್. ಅಲ್ಲಿಂದ ದೆಹಲಿಯ ಹಳೆಯ ಜೆಎನ್‌ಯು ಆವರಣದ ವಿದೇಶಾಂಗ ಸೇವಾ ಸಂಸ್ಥೆಗೆ. 1986ರಲ್ಲಿ ಶುರುವಾದ ಆ ಸಂಸ್ಥೆಗೆ 2020ರಿಂದ ಸುಷ್ಮಾ ಸ್ವರಾಜ್ ಹೆಸರಿದೆ. ಅಂತರರಾಷ್ಟ್ರೀಯ ಕಾನೂನು, ವ್ಯಾಪಾರ, ಪ್ರೋಟೋಕಾಲ್, ಕೆಲವು ದಿನ ಸೇನೆಯ ಜೊತೆ, ಕೆಲವು ದಿನ ಯಾವುದಾದರೊಂದು ರಾಜ್ಯದಲ್ಲಿ, ಕೊನೆಗೆ ಸಚಿವಾಲಯದ ಒಂದು ಡೆಸ್ಕಿನಲ್ಲಿ. ಚಮಚ, ಫೋರ್ಕ್ ಹಿಡಿಯುವ ಪಾಠವೂ ಇದೆ. ಹೊರಗಿನವರಿಗೆ ಅದರ ಬಗ್ಗೆ ಇರುವ ಕುತೂಹಲದ ಕಾಲುಭಾಗದಷ್ಟು ಮಹತ್ವವೂ ಅದಕ್ಕಿಲ್ಲ. ಆ ಹೊತ್ತನ್ನು ಎರಡು ವಿಯೆನ್ನಾ ಒಪ್ಪಂದಗಳಿಗೆ ಕೊಟ್ಟರೆ ಮುಂದೆ ಅನ್ನ ಹುಟ್ಟುತ್ತದೆ: 1961ರದ್ದು ರಾಜತಾಂತ್ರಿಕ ಸಂಬಂಧಗಳ ಕುರಿತು, 1963ರದ್ದು ಕಾನ್ಸುಲರ್ ಸಂಬಂಧಗಳ ಕುರಿತು. ಕಲಂ ಸಂಖ್ಯೆ ಸಮೇತ ಬಾಯಿಗೆ ಬರಬೇಕು. ರಾತ್ರಿ ಎರಡು ಗಂಟೆಗೆ ಠಾಣೆಯಿಂದ ಫೋನ್ ಬಂದರೆ ಪುಸ್ತಕ ಹುಡುಕುವ ಪುರುಸೊತ್ತು ಇರುವುದಿಲ್ಲ.

ಮೊದಲ ಪೋಸ್ಟಿಂಗ್ ಯಾವ ಊರಿಗೆ ಅನ್ನುವುದನ್ನು ಭಾಷೆ ತೀರ್ಮಾನಿಸುತ್ತದೆ. ಪ್ರತಿ ಪ್ರೊಬೇಷನರ್‌ಗೂ ಒಂದು ವಿದೇಶಿ ಭಾಷೆ ಕಡ್ಡಾಯ. ನಿಮ್ಮ ಆಯ್ಕೆ ಕೇಳುತ್ತಾರೆ, ಕೊನೆಗೆ ನಡೆಯುವುದು ಸಚಿವಾಲಯದ ಅಗತ್ಯ. ರಷ್ಯನ್ ಬಂದವರು ಮಾಸ್ಕೊಗೆ, ಜಪಾನಿ ಬಂದವರು ಟೋಕಿಯೊಗೆ, ಚೀನಿ ಬಂದವರು ಬೀಜಿಂಗ್‌ಗೆ, ಅರಬ್ಬಿ ಬಂದವರು ಕೈರೊಗೋ ಇನ್ನೊಂದು ಅರಬ್ ರಾಜಧಾನಿಗೋ. ಎಸ್. ಜೈಶಂಕರ್ 1979ರಲ್ಲಿ ಮಾಸ್ಕೊಗೆ ಹೋಗಿ ರಷ್ಯನ್ ಕಲಿತದ್ದೂ ಹೀಗೆಯೇ. ಭಾಷಾ ಪರೀಕ್ಷೆ ಪಾಸಾಗದೆ ಕೆಲಸ ಕಾಯಂ ಆಗುವುದಿಲ್ಲ, ಆದ್ದರಿಂದ ಇದು ಹವ್ಯಾಸದ ಕಲಿಕೆಯಲ್ಲ.

ಇಲ್ಲಿ ಕನ್ನಡದವರಿಗೆ ಒಂದು ಅನುಕೂಲವಿದೆ, ಅದನ್ನು ಯಾರೂ ಹೇಳಿಕೊಡುವುದಿಲ್ಲ. ಚೀನಿಯ ರೋಮನ್ ಬರಹದಲ್ಲಿ 'ಬಿ' ಎಂದು ಬರೆದದ್ದು ನಮ್ಮ ಬ ಅಲ್ಲ, ಅಲ್ಪಪ್ರಾಣ ಪ. 'ಪಿ' ಎಂದು ಬರೆದದ್ದು ಮಹಾಪ್ರಾಣ, ಅಂದರೆ ಪ ಜೊತೆ ಹ ಕೂಡಿದ ಫ. 'ಡಿ', 'ಟಿ' ಕತೆಯೂ ಇದೇ. ಅಪ್ಪ ಅನ್ನುವ ಪದಕ್ಕೂ ಹೆದರಿಕೆ ಅನ್ನುವ ಪದಕ್ಕೂ ಸ್ವರದ ಏರಿಳಿತ ಒಂದೇ, ವ್ಯತ್ಯಾಸ ಈ ಪ್ರಾಣದಲ್ಲಿ ಮಾತ್ರ. ಇಂಗ್ಲಿಷ್ ಕಿವಿಯವರು ತಿಂಗಳುಗಟ್ಟಲೆ ಒದ್ದಾಡುವ ಈ ಭೇದ ಒಂದನೇ ಕ್ಲಾಸಿನಲ್ಲೇ ವರ್ಗೀಯ ವ್ಯಂಜನ ಒಪ್ಪಿಸಿದವರಿಗೆ ಗೊತ್ತೇ ಇದೆ. ಆದರೆ ಆಡುಮಾತಿನಲ್ಲಿ ಮಹಾಪ್ರಾಣ ನುಂಗುವ ಅಭ್ಯಾಸ ನಮ್ಮದು. 'ಧನ', 'ದನ' ಎರಡನ್ನೂ ಒಂದೇ ಥರ ಹೇಳುವವರು ಆ ಅನುಕೂಲವನ್ನು ಕೈಯಾರೆ ಕಳೆದುಕೊಳ್ಳುತ್ತಾರೆ. ಅರಬ್ಬಿಯಲ್ಲಿ ತೊಂದರೆ ಬೇರೆ. ಗಂಟಲಿನಾಳದಿಂದ ಬರುವ ಕಕಾರವನ್ನು ಸಾದಾ ಕ ಮಾಡಿದರೆ 'ಹೃದಯ' ಹೋಗಿ 'ನಾಯಿ' ಆಗುತ್ತದೆ. ಇನ್ನು ತರಗತಿಯಲ್ಲಿ ಕಲಿಸುವುದು ಗ್ರಾಂಥಿಕ, ಕೈರೊದ ಬೀದಿಯಲ್ಲಿ ಆಡುವುದು ಬೇರೆ; 'ಜ' ಅಲ್ಲಿ 'ಗ' ಆಗಿರುತ್ತದೆ. ಹಳಗನ್ನಡ ಕಲಿತು ಹುಬ್ಬಳ್ಳಿ ಬಸ್ ಸ್ಟ್ಯಾಂಡಿಗೆ ಬಂದಿಳಿದ ಹಾಗೆ.

ಭಾಷೆ ಮುಗಿದು ಮೇಜಿಗೆ ಬಂದವರನ್ನು ಮೊದಲು ಕೂರಿಸುವುದು ನೋಟ್‌ಟೇಕರ್ ಆಗಿ, ಸಭೆಯ ಮೇಜಿನ ತುದಿಯಲ್ಲಿ. ಮಾತಾಡುವ ಹಾಗಿಲ್ಲ, ಒಂದು ಮಾತೂ ಬಿಡುವ ಹಾಗಿಲ್ಲ. ಹತ್ತು ನಿಮಿಷ ಮುಂಚೆ ಹೋಗಿ ಪುಸ್ತಕದ ಮೊದಲ ಹಾಳೆಯಲ್ಲಿ ಮೇಜಿನ ನಕ್ಷೆ ಬರೆದು, ಪ್ರತಿ ಕುರ್ಚಿಗೂ ಹೆಸರು, ಹುದ್ದೆ ಹಾಕಿಕೊಳ್ಳಬೇಕು. ನಡುವೆ ಯಾರಾದರೂ ಎದ್ದುಹೋದರೆ ಆ ಹೊತ್ತನ್ನೂ ಗುರುತಿಸಬೇಕು. ಎಲ್ಲವನ್ನೂ ಬರೆಯಲು ಹೋದರೆ ಮುಖ್ಯವಾದದ್ದು ತಪ್ಪುತ್ತದೆ. ಭರವಸೆ, ಗಡುವು, ಸಂಖ್ಯೆ, ನಿರಾಕರಣೆ, ಈ ನಾಲ್ಕು ಬಂದಾಗ ಅವರ ಬಾಯಿಂದ ಬಂದ ಪದವನ್ನೇ ಬರೆಯಬೇಕು, ಉಳಿದದ್ದಕ್ಕೆ ಸಾರಾಂಶ ಸಾಕು. ವರದಿ ಅದೇ ರಾತ್ರಿ ಮುಗಿಯಬೇಕು. ಮರುದಿನಕ್ಕೆ ಇಟ್ಟುಕೊಂಡರೆ ಅವರು ಹೇಳಿದ್ದರ ಜೊತೆ ನಮಗೆ ಬೇಕಾಗಿದ್ದದ್ದೂ ನೆನಪಿನಲ್ಲಿ ಬೆರೆತುಹೋಗುತ್ತದೆ.

ಹೊಸಬರ ವರದಿಯಲ್ಲಿ ಪದೇಪದೇ ಕಾಣುವ ತಪ್ಪು 'ಒಪ್ಪಿದರು' ಅನ್ನುವ ಪದ. ಎದುರಿನವರು 'ಗಮನಕ್ಕೆ ತಂದುಕೊಂಡಿದ್ದೇವೆ' ಅಂದಿರುತ್ತಾರೆ, 'ಪರಿಶೀಲಿಸುತ್ತೇವೆ' ಅಂದಿರುತ್ತಾರೆ, ಅಥವಾ ಸುಮ್ಮನೆ ತಲೆಯಾಡಿಸಿರುತ್ತಾರೆ. ಇವು ಯಾವುವೂ ಒಪ್ಪಿಗೆಯಲ್ಲ. ಹೆಣ್ಣು ನೋಡಿ ಹೋದವರು 'ಆಗ್ಲಿ, ತಿಳಿಸ್ತೀವಿ' ಅಂದರೆ ಏನರ್ಥ ಅನ್ನುವುದು ನಮ್ಮ ಕಡೆ ಯಾವ ಅಜ್ಜಿಗೂ ವಿವರಿಸಬೇಕಿಲ್ಲ. ಆ ಕಿವಿಯನ್ನೇ ಸಭೆಗೂ ತೆಗೆದುಕೊಂಡು ಹೋಗಬೇಕು. 'ಒಪ್ಪಿದರು' ಎಂದು ದೆಹಲಿಗೆ ಹೋದರೆ ಅಲ್ಲಿ ಅದರ ಮೇಲೆ ಮುಂದಿನ ಹೆಜ್ಜೆ ಇಡುತ್ತಾರೆ, ಆರು ತಿಂಗಳ ಮೇಲೆ ಎದುರಿನವರು 'ನಾವು ಯಾವಾಗ ಒಪ್ಪಿದೆವು?' ಅನ್ನುತ್ತಾರೆ. ನಿಮ್ಮ ಅಭಿಪ್ರಾಯ ಇದ್ದರೆ ಕೊನೆಯಲ್ಲಿ ಬೇರೆ ಪ್ಯಾರಾ ಮಾಡಿ, ಇದು ಟಿಪ್ಪಣಿ ಎಂದು ತಲೆಬರಹ ಕೊಟ್ಟು ಬರೆಯಿರಿ. ನಡೆದದ್ದರ ಒಳಗೆ ಅದನ್ನು ಸೇರಿಸಬಾರದು.

ಇನ್ನೊಂದು ನಿತ್ಯದ ಕೆಲಸ ನೋಟ್ ವರ್ಬಾಲ್. ಹೆಸರು ಮಾತಿನ ನೆನಪು ತರುತ್ತದೆ, ವಸ್ತು ಪೂರ್ತಿ ಲಿಖಿತ. ರಾಯಭಾರ ಕಚೇರಿಯೊಂದು ಆ ದೇಶದ ವಿದೇಶಾಂಗ ಸಚಿವಾಲಯಕ್ಕೆ ಬರೆಯುವ ಕಾಗದ ಇದು. ಕಾರಿನ ನಂಬರ್ ಪ್ಲೇಟಿನಿಂದ ಹಿಡಿದು ಪ್ರತಿಭಟನೆಯವರೆಗೆ ಎಲ್ಲವೂ ಇದರಲ್ಲೇ ಹೋಗುತ್ತದೆ. ಮೇಲೆ ಲಾಂಛನ, ಎಡಗಡೆ ಕಡತದ ಸಂಖ್ಯೆ. ಆರಂಭ ಯಾವಾಗಲೂ ಒಂದೇ: ಭಾರತದ ರಾಯಭಾರ ಕಚೇರಿಯು ಇಂಥ ಸಚಿವಾಲಯಕ್ಕೆ ವಂದನೆಗಳನ್ನು ಸಲ್ಲಿಸಿ ಈ ಕೆಳಗಿನದನ್ನು ತಿಳಿಸುವ ಗೌರವ ಹೊಂದಿದೆ. ಮುಕ್ತಾಯವೂ ಅಷ್ಟೇ, ಅತ್ಯುನ್ನತ ಗೌರವದ ಭರವಸೆಯನ್ನು ನವೀಕರಿಸುವ ಸಾಲು. ಇಡೀ ಕಾಗದದಲ್ಲಿ 'ನಾನು', 'ನೀವು' ಬರಕೂಡದು. ಕಚೇರಿ ಸಚಿವಾಲಯದ ಜೊತೆ ಮಾತಾಡುತ್ತಿದೆ, ಮನುಷ್ಯ ಮನುಷ್ಯನ ಜೊತೆ ಅಲ್ಲ. ಪೂರ್ತಿ ಸಹಿ ಇಲ್ಲ, ಮೊಹರು ಒತ್ತಿ ಅದರ ಮೇಲೆ ಇನಿಷಿಯಲ್. ತೀರಾ ಕೆಟ್ಟ ಸಿಟ್ಟಿನ ನೋಟ್‌ನಲ್ಲಿ ಕೊನೆಯ ಗೌರವದ ಸಾಲನ್ನು ಕೈಬಿಡುವುದುಂಟು. ಅಲ್ಲಿ ಬಿಟ್ಟ ಸಾಲೇ ಸಂದೇಶ, ಹಾಗಾಗಿ ಕಾಪಿ-ಪೇಸ್ಟ್ ಮಾಡುವಾಗ ಮರೆತು ಬಿಟ್ಟರೂ ಓದುವವರು ಹಾಗೆಯೇ ಓದುತ್ತಾರೆ.

ಕೆಡುವುದು ಹೆಚ್ಚಾಗಿ ಹೆಸರುಗಳಲ್ಲಿ. ಸ್ವಾಜಿಲ್ಯಾಂಡ್ 2018ರಿಂದ ಎಸ್ವಾಟಿನಿ, ಮ್ಯಾಸಿಡೋನಿಯಾ 2019ರಿಂದ ಉತ್ತರ ಮ್ಯಾಸಿಡೋನಿಯಾ, ಟರ್ಕಿ 2022ರಿಂದ ತುರ್ಕಿಯೆ. ಹಳೆಯ ಕಾಗದವನ್ನು ಮಾದರಿಯಾಗಿ ಇಟ್ಟುಕೊಂಡರೆ ಹಳೆಯ ಹೆಸರೂ ಜೊತೆಗೆ ಬರುತ್ತದೆ. ಕೊಲ್ಲಿಯ ಒಂದು ದಡದಲ್ಲಿ ಅದು ಪರ್ಷಿಯನ್, ಇನ್ನೊಂದು ದಡದಲ್ಲಿ ಅರೇಬಿಯನ್. ನಮ್ಮ ಕಡೆಯಿಂದ ನಕ್ಷೆಯದೇ ದೊಡ್ಡ ತಲೆನೋವು: ಸ್ಥಳೀಯ ಮುದ್ರಕರು ಅಂತರ್ಜಾಲದಿಂದ ಎತ್ತಿದ ಭಾರತದ ನಕ್ಷೆಯನ್ನು ಆಹಾರೋತ್ಸವದ ಕರಪತ್ರಕ್ಕೆ ಹಾಕಿಬಿಡುತ್ತಾರೆ, ಮೇಲ್ಭಾಗ ಕತ್ತರಿಸಿರುತ್ತದೆ. ಕರಪತ್ರದಲ್ಲಿ ದೋಸೆಯ ಚಿತ್ರ ನೋಡುವ ಮುಂಚೆ ನಕ್ಷೆ ಇದೆಯಾ ನೋಡಬೇಕು. ಇದ್ದರೆ ತೆಗೆಸುವುದೇ ಕ್ಷೇಮ.

ನೋಟ್‌ನ ಅಣ್ಣತಮ್ಮಂದಿರೂ ಇದ್ದಾರೆ. ಲಾಂಛನ, ಮೊಹರು, ಸಹಿ ಯಾವುದೂ ಇಲ್ಲದ ಬಿಳಿಹಾಳೆ ನಾನ್-ಪೇಪರ್. ಕೊಟ್ಟೂ ಕೊಡದ ಹಾಗೆ. ಸರ್ಕಾರದ ನಿಲುವನ್ನು ಖುದ್ದಾಗಿ ಹೋಗಿ ತಿಳಿಸುವುದು ಡಿಮಾರ್ಶ್. ಯಾವುದನ್ನು ಯಾವಾಗ ಎಂಬ ತೀರ್ಮಾನ ದೊಡ್ಡವರದು, ಹಾಳೆ ಅದಲುಬದಲಾಗದಂತೆ ನೋಡಿಕೊಳ್ಳುವುದು ಥರ್ಡ್ ಸೆಕ್ರೆಟರಿಯದು.

ಆದರೆ ಅಕ್ಷರ ತಪ್ಪಿದರೆ ನಿಜವಾಗಿ ಪೆಟ್ಟು ಬೀಳುವುದು ಕಾನ್ಸುಲರ್ ಮೇಜಿನಲ್ಲಿ. ಕೊಲ್ಲಿ ದೇಶಗಳಲ್ಲಿ ಕರಾವಳಿಯವರು ಹಿಂದಿನಿಂದ ಇದ್ದಾರೆ, ಈಗ ಉತ್ತರ ಕರ್ನಾಟಕದವರೂ ಇದ್ದಾರೆ. ಒಬ್ಬರು ತೀರಿಕೊಂಡರು ಎಂದು ಸುದ್ದಿ ಬಂದ ಗಳಿಗೆಯಿಂದ ಕೆಲಸ ಹೀಗೆ ಸಾಗುತ್ತದೆ. ಮೊದಲು ಪಾಸ್‌ಪೋರ್ಟ್ ಮತ್ತು ಸ್ಥಳೀಯ ಗುರುತಿನ ಚೀಟಿ ತಾಳೆ ನೋಡಿ ಇವರೇ ಅವರು ಅನ್ನುವುದನ್ನು ಗಟ್ಟಿ ಮಾಡಿಕೊಳ್ಳಬೇಕು. ಒಂದೇ ಕೋಣೆಯಲ್ಲಿ ಎಂಟು ಜನ ಇರುವ ಕಡೆ ಇನ್ನೊಬ್ಬರ ಪಾಸ್‌ಪೋರ್ಟ್ ಕೈಗೆ ಬರುವುದು ಅಪರೂಪವಲ್ಲ. ಆಮೇಲೆ ಮನೆಗೆ ಫೋನ್. ಸಿಬ್ಬಂದಿಯಲ್ಲಿ ಕನ್ನಡ, ತುಳು, ಬ್ಯಾರಿ, ಉರ್ದು ಬರುವವರು ಇದ್ದರೆ ಅವರನ್ನೇ ಕೂರಿಸಿಕೊಳ್ಳಿ. ಹೆಂಡತಿಯೋ ತಾಯಿಯೋ ಫೋನ್ ಎತ್ತಿದರೆ ಮೊದಲ ಪ್ರಶ್ನೆ, 'ಅಮ್ಮಾ, ಪಕ್ಕದಲ್ಲಿ ಯಾರಾದರೂ ಇದ್ದಾರಾ?' ಅಣ್ಣನೋ ತಮ್ಮನೋ ಸಿಕ್ಕರೆ ಒಳ್ಳೆಯದು. 'ಸೀರಿಯಸ್ಸಾಗಿದ್ದಾರೆ' ಎಂದು ಮೆತ್ತಗೆ ಶುರು ಮಾಡುವ ನಮ್ಮ ಅಭ್ಯಾಸ ಇಲ್ಲಿ ಅಪಾಯ. ಮನೆಯವರು ಚಿಕಿತ್ಸೆಗೆ ಎಂದು ಒಡವೆ ಅಡವಿಡಲು ಓಡುತ್ತಾರೆ. ತೀರಿಕೊಂಡಿದ್ದಾರೆ ಅನ್ನುವ ಪದವನ್ನೇ ಹೇಳಬೇಕು, ಒಂದು ಸಲ, ಸ್ಪಷ್ಟವಾಗಿ. ನಿಮ್ಮ ನೇರ ನಂಬರ್ ಕೊಟ್ಟು, ಅರ್ಧ ಗಂಟೆ ಬಿಟ್ಟು ಮತ್ತೆ ಮಾಡಬೇಕು, ಏಕೆಂದರೆ ಮೊದಲ ಕರೆಯಲ್ಲಿ ಹೇಳಿದ ಬೇರೆ ಯಾವುದೂ ಅವರ ತಲೆಗೆ ಹೋಗಿರುವುದಿಲ್ಲ.

ಎರಡನೇ ಕರೆಯಲ್ಲಿ ಕೇಳಬೇಕಾದದ್ದು ಊರಿಗೆ ಕಳಿಸುವುದೋ, ಅಲ್ಲೇ ಮಣ್ಣು ಮಾಡುವುದೋ. ಯಾವುದೇ ಆದರೂ ಹತ್ತಿರದ ವಾರಸುದಾರರ ಒಪ್ಪಿಗೆ ಪತ್ರ ಬೇಕು, ಅಲ್ಲಿ ಓಡಾಡುವ ವ್ಯಕ್ತಿಯ ಹೆಸರು ಅದರಲ್ಲಿ ಇರಬೇಕು. ಅತ್ತ ಆಸ್ಪತ್ರೆಯ ವರದಿ, ಪೊಲೀಸ್ ಅನುಮತಿ, ಸ್ಥಳೀಯ ಮರಣ ಪ್ರಮಾಣಪತ್ರ ಆಗಬೇಕು. ಅವು ಬಂದ ಮೇಲೆ ಮಿಷನ್‌ನಲ್ಲಿ ಮರಣ ನೋಂದಣಿ, ಪಾಸ್‌ಪೋರ್ಟ್ ರದ್ದು, ನಿರಾಕ್ಷೇಪಣಾ ಪತ್ರ. ಕೊನೆಗೆ ದೇಹ ಕೆಡದಂತೆ ಮಾಡುವ ಎಂಬಾಮಿಂಗ್ ಮತ್ತು ಅದರ ಪ್ರಮಾಣಪತ್ರ, ಸೀಲ್ ಮಾಡಿದ ಪೆಟ್ಟಿಗೆ, ವಿಮಾನದ ಕಾರ್ಗೋ ಬುಕಿಂಗ್. ಹಾಸಿಗೆಯಲ್ಲಿ ಸಹಜವಾಗಿ ತೀರಿಕೊಂಡಿದ್ದರೆ ಕೆಲವು ದಿನದಲ್ಲಿ ಮುಗಿಯುತ್ತದೆ. ಅಪಘಾತ, ಆತ್ಮಹತ್ಯೆ, ಕೊಲೆ ಎಂಬ ಸಂಶಯ ಇದ್ದರೆ ತನಿಖೆ ಮುಗಿಯುವವರೆಗೆ ಕಾಯಲೇಬೇಕು, ಯಾವ ಶಾಸಕರು ಫೋನ್ ಮಾಡಿದರೂ ಅದು ಬೇಗ ಆಗದು. ವಾರದ ರಜೆಯನ್ನೂ ಲೆಕ್ಕ ಹಾಕಬೇಕು. ಹಲವು ಕೊಲ್ಲಿ ದೇಶಗಳಲ್ಲಿ ಅದು ಶುಕ್ರವಾರ, ಶನಿವಾರ. ಯುಎಇಯಲ್ಲಿ 2022ರಿಂದ ಶನಿವಾರ, ಭಾನುವಾರ. ಶುಕ್ರವಾರ, ಶನಿವಾರ ರಜೆ ಇರುವ ಕಡೆ ಗುರುವಾರ ಮಧ್ಯಾಹ್ನ ತಪ್ಪಿದ ಒಂದು ಮೊಹರು ಎಂದರೆ ಭಾನುವಾರದ ಮಾತು.

ಎಲ್ಲ ಸರಿಯಾದ ಮೇಲೂ ಪೆಟ್ಟಿಗೆ ನಿಲ್ಲುವುದು ಹೆಸರಿನಿಂದ. ಒಂದು ಉದಾಹರಣೆ ಹೇಳುವುದಾದರೆ, ಪಾಸ್‌ಪೋರ್ಟಿನಲ್ಲಿ ಮಂಜುನಾಥ ಹನುಮಂತಪ್ಪ, ಆಧಾರ್‌ನಲ್ಲಿ ಮಂಜುನಾಥ್ ಎಚ್., ಬ್ಯಾಂಕಿನಲ್ಲಿ ಎಚ್. ಮಂಜುನಾಥ. ಅರಬ್ಬಿಯಲ್ಲಿ ಪ ಅಕ್ಷರವಿಲ್ಲ, ಹಾಗಾಗಿ ಸ್ಥಳೀಯ ಮರಣ ಪ್ರಮಾಣಪತ್ರದಲ್ಲಿ ಹನುಮಂತಪ್ಪ ಹನುಮಂತಬ್ಬ ಆಗಿ, ಅನುವಾದಕರ ಕೈಯಲ್ಲಿ ಇನ್ನೊಂದು ರೂಪ ತಾಳಿ ಇಂಗ್ಲಿಷಿಗೆ ಮರಳುತ್ತಾರೆ. ಆಗ ಅನುವಾದಕರ ಕೈಗೆ ಪಾಸ್‌ಪೋರ್ಟಿನ ಪ್ರತಿ ಕೊಟ್ಟು, ಅದರಲ್ಲಿರುವ ಅಕ್ಷರಗಳನ್ನೇ ಹಾಕಿಸಬೇಕು. ಮಿಷನ್ ಕೊಡುವ ಪತ್ರದಲ್ಲಿ ಪಾಸ್‌ಪೋರ್ಟ್ ಸಂಖ್ಯೆ ಇದ್ದೇ ಇರಬೇಕು. ಹೆಸರು ಎಷ್ಟು ರೂಪ ತಾಳಿದರೂ ಸಂಖ್ಯೆ ಒಂದೇ. ಈ ತಪ್ಪು ಅಲ್ಲಿಗೆ ಮುಗಿಯುವುದೂ ಇಲ್ಲ. ಬಾಕಿ ಸಂಬಳ, ವಿಮೆ, ಪರಿಹಾರ ಎಲ್ಲಕ್ಕೂ ವರ್ಷಗಟ್ಟಲೆ ಅದೇ ಪತ್ರ ಆಧಾರ. ಇಸಿಆರ್ ವರ್ಗದಲ್ಲಿ, ಅಂದರೆ ಕೆಲಸಕ್ಕೆ ಹೊರಡುವ ಮುಂಚೆ ಸರ್ಕಾರದ ವಲಸೆ ಅನುಮತಿ ಬೇಕಾದ ವರ್ಗದಲ್ಲಿ, ಹೋದವರಿಗೆ ಪ್ರವಾಸಿ ಭಾರತೀಯ ಬಿಮಾ ಯೋಜನೆಯಲ್ಲಿ ಅಪಘಾತದ ಸಾವಿಗೆ ₹10 ಲಕ್ಷ ಇದೆ, ಮನೆಯವರಿಗೆ ಅದು ಗೊತ್ತೇ ಇರುವುದಿಲ್ಲ. ಸಾಗಣೆ ಖರ್ಚು ಕೊಡಬೇಕಾದವರು ಮಾಲೀಕರು. ಅವರು ಕೈಯೆತ್ತಿದರೆ, ಮನೆಯವರಿಗೂ ಶಕ್ತಿ ಇಲ್ಲದಿದ್ದರೆ, ಮಿಷನ್‌ನ ಸಮುದಾಯ ಕಲ್ಯಾಣ ನಿಧಿಯಿಂದ ಕೊಡಬಹುದು. ಆದರೆ 'ಎಲ್ಲ ಬಾಕಿ ಚುಕ್ತಾ ಆಗಿದೆ' ಎಂಬ ಕಾಗದಕ್ಕೆ ಮನೆಯವರ ಸಹಿ ಹಾಕಿಸಿಕೊಂಡು ಆಮೇಲೆ ಟಿಕೆಟ್ ಕೊಡುತ್ತೇನೆ ಅನ್ನುವ ಮಾಲೀಕರೂ ಇದ್ದಾರೆ. ಲೆಕ್ಕ ನೋಡದೆ ಸಹಿ ಬೇಡ ಎಂದು ಎರಡನೇ ಕರೆಯಲ್ಲೇ ಹೇಳಿಬಿಡಿ.

ಜೈಲು ಭೇಟಿಯ ನಿಯಮ 1963ರ ಒಪ್ಪಂದದ 36ನೇ ಕಲಂನಲ್ಲಿದೆ. ಕುಲಭೂಷಣ್ ಜಾಧವ್ ಪ್ರಕರಣದಲ್ಲಿ 2019ರ ಜುಲೈನಲ್ಲಿ ಅಂತರರಾಷ್ಟ್ರೀಯ ನ್ಯಾಯಾಲಯ ಪಾಕಿಸ್ತಾನ ಉಲ್ಲಂಘಿಸಿದೆ ಎಂದದ್ದೂ ಇದೇ ಕಲಂ. ಹೋದಾಗ 'ತಪ್ಪು ಮಾಡಿದೆಯಾ?' ಎಂದು ಕೇಳಬಾರದು, ಪಕ್ಕದಲ್ಲಿ ಕಾವಲಿನವರು ಕೇಳಿಸಿಕೊಳ್ಳುತ್ತಿರುತ್ತಾರೆ. ಊಟ, ಔಷಧಿ, ವಕೀಲರು, ದುಭಾಷಿ, ಮುಂದಿನ ತಾರೀಖು, ಇಷ್ಟನ್ನು ಕೇಳಿ. ಮನೆಗೆ ತಿಳಿಸಬೇಕಾ ಅನ್ನುವುದನ್ನೂ ಕೇಳಿ. ಬೇಡ ಅನ್ನುವವರು ಇದ್ದಾರೆ, ಬೇಡ ಅಂದರೆ ತಿಳಿಸುವ ಹಾಗಿಲ್ಲ.

ಯುದ್ಧದ ನಡುವೆ ಜನರನ್ನು ಕರೆತರುವಾಗಲೂ ಮೂಲ ಕೆಲಸ ಪಟ್ಟಿಯದೇ. 2023ರ ಏಪ್ರಿಲ್‌ನಲ್ಲಿ ಸುಡಾನಿನಲ್ಲಿ ಸಿಕ್ಕಿಬಿದ್ದವರಲ್ಲಿ ಗಿಡಮೂಲಿಕೆ ಮಾರಲು ಹೋಗಿದ್ದ ಕರ್ನಾಟಕದ ಹಕ್ಕಿಪಿಕ್ಕಿ ಜನರಿದ್ದರು. ಆಪರೇಷನ್ ಕಾವೇರಿಯಲ್ಲಿ ಖಾರ್ಟೂಮಿನಿಂದ ಪೋರ್ಟ್ ಸುಡಾನಿಗೆ ಸುಮಾರು 850 ಕಿ.ಮೀ. ಬಸ್ಸು, ಅಲ್ಲಿಂದ ಹಡಗಿನಲ್ಲೋ ವಾಯುಪಡೆ ವಿಮಾನದಲ್ಲೋ ಜೆಡ್ಡಾ, ಜೆಡ್ಡಾದಿಂದ ಊರು. ಇಂಥ ಹೊತ್ತಿನಲ್ಲಿ ಬಸ್ಸಿಗೊಂದು ಪಟ್ಟಿ, ಪಟ್ಟಿಗೊಬ್ಬ ಹೊಣೆಗಾರ, ಹತ್ತುವಾಗ ಒಂದು ಎಣಿಕೆ, ಇಳಿಯುವಾಗ ಇನ್ನೊಂದು. ಪಾಸ್‌ಪೋರ್ಟ್ ಕಳೆದವರಿಗೆ ಒಂದೇ ಪ್ರಯಾಣಕ್ಕೆ ನಡೆಯುವ ಎಮರ್ಜೆನ್ಸಿ ಸರ್ಟಿಫಿಕೇಟ್. ಫೋನ್ ಚಾರ್ಜ್ ಇಲ್ಲದ ಊರಲ್ಲಿ ಪಟ್ಟಿ ಕಾಗದದ ಮೇಲೂ ಇರಬೇಕು.

ಮನೆಯ ಮಾತು ಸ್ವಲ್ಪ. ಸುಮಾರು ಮೂರು ವರ್ಷಕ್ಕೊಮ್ಮೆ, ಕಷ್ಟದ ಊರಾದರೆ ಎರಡು ವರ್ಷಕ್ಕೇ, ಗಂಟುಮೂಟೆ. ಮಿಕ್ಸಿಯನ್ನು ಅಮೆರಿಕಕ್ಕೋ ಜಪಾನಿಗೋ ಒಯ್ದರೆ ತಕ್ಕ ಟ್ರಾನ್ಸ್‌ಫಾರ್ಮರ್ ಇಲ್ಲದೆ ತಿರುಗುವುದಿಲ್ಲ, ಅಲ್ಲಿ 120, 100 ವೋಲ್ಟ್, ನಮ್ಮದು 230. ವೆಟ್ ಗ್ರೈಂಡರಿಗೆ ಟ್ರಾನ್ಸ್‌ಫಾರ್ಮರ್ ಹಾಕಿದರೂ 60 ಹರ್ಟ್ಸ್ ಇರುವ ಕಡೆ ಅದು ಐದರಲ್ಲಿ ಒಂದು ಪಾಲು ಜೋರಾಗಿ ಓಡುತ್ತದೆ, ಹಿಟ್ಟು ಬಿಸಿಯಾಗುತ್ತದೆ. ಭತ್ಯೆ, ರಜೆ, ಮಕ್ಕಳ ಶಾಲೆಯ ಶುಲ್ಕ ಎಲ್ಲ ವಿದೇಶಾಂಗ ಸೇವೆಯ 1961ರ ನಿಯಮಗಳ ಪ್ರಕಾರ. ಹೊರಡುವ ಮುಂಚೆ ಅದನ್ನೊಮ್ಮೆ ಓದಿಕೊಳ್ಳಿ. ಅದೇ ವರ್ಷದ ನಡತೆ ನಿಯಮಗಳಲ್ಲಿ ಮಹಿಳಾ ಅಧಿಕಾರಿ ಮದುವೆಗೆ ಮುಂಚೆ ಸರ್ಕಾರದ ಲಿಖಿತ ಅನುಮತಿ ಪಡೆಯಬೇಕು ಎಂದಿತ್ತು. ಮದುವೆಯಾದ ಹೆಣ್ಣಿಗೆ ಸೇವೆಗೆ ಸೇರುವುದು ಹಕ್ಕಲ್ಲ ಎಂಬ ಇನ್ನೊಂದು ನಿಯಮವೂ ಇತ್ತು. ವಿರಾಜಪೇಟೆಯ ಸಿ.ಬಿ. ಮುತ್ತಮ್ಮ, 1949ರಲ್ಲಿ ಈ ಸೇವೆಗೆ ಬಂದ ಮೊದಲ ಮಹಿಳೆ, ಬಡ್ತಿ ತಪ್ಪಿಸಿದಾಗ ಸುಪ್ರೀಂ ಕೋರ್ಟಿಗೆ ಹೋದರು. ಅಷ್ಟರಲ್ಲಿ ಬಡ್ತಿ ಕೊಟ್ಟದ್ದರಿಂದ 1979ರಲ್ಲಿ ಅರ್ಜಿ ವಜಾ ಆಯಿತು, ಆದರೆ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ತೀರ್ಪಿನಲ್ಲಿ ಆ ನಿಯಮಗಳ ಚರ್ಮ ಸುಲಿದರು. ಇಂದು ವರ್ಗಾವಣೆಯ ಕಂಟೇನರಿನ ಸಾಮಾನು ಪಟ್ಟಿಯಲ್ಲಿ 'ಪತಿಯ ಸೈಕಲ್' ಎಂದು ಬರೆಯುವ ಮಹಿಳಾ ಅಧಿಕಾರಿಗಳು ಮುತ್ತಮ್ಮನವರಿಗೆ ಋಣಿ.

ರಾಯಭಾರಿ ಬದಲಾಗುವಾಗಿನ ಕಾಗದಗಳನ್ನೂ ಕೆಳಗಿನವರೇ ಜೋಡಿಸುವುದು. ಹೆಸರು ಪ್ರಕಟಿಸುವ ಮುಂಚೆ ಆ ದೇಶದ ಒಪ್ಪಿಗೆ ಬೇಕು, ಅದಕ್ಕೆ ಆಗ್ರೆಮಾಂ ಅನ್ನುತ್ತಾರೆ; ನಿರಾಕರಿಸಿದರೆ ಕಾರಣ ಕೊಡಬೇಕಿಲ್ಲ ಎಂದು 1961ರ ಒಪ್ಪಂದದ 4ನೇ ಕಲಂ ಹೇಳುತ್ತದೆ. ಬಂದಿಳಿದ ಮೇಲೆ ರಾಷ್ಟ್ರಪತಿಗಳು ಸಹಿ ಮಾಡಿದ ಅಧಿಕಾರ ಪತ್ರವನ್ನು, ಹಿಂದಿನವರ ವಾಪಸಾತಿ ಪತ್ರದ ಜೊತೆ, ಅಲ್ಲಿನ ರಾಷ್ಟ್ರದ ಮುಖ್ಯಸ್ಥರಿಗೆ ಒಪ್ಪಿಸಬೇಕು. ಪ್ರತಿಗಳನ್ನು ಮುಂಚೆಯೇ ಪ್ರೋಟೋಕಾಲ್ ಮುಖ್ಯಸ್ಥರಿಗೆ ಕೊಟ್ಟಿರಬೇಕು. ಮೂಲವನ್ನು ತೆರೆದು ನೋಡುವ ಹಾಗಿಲ್ಲ, ಆದ್ದರಿಂದ ಆ ರಾಷ್ಟ್ರದ ಮುಖ್ಯಸ್ಥರ ಪೂರ್ತಿ ಬಿರುದಾವಳಿ ಸರಿಯಾಗಿದೆಯಾ ಎಂದು ದೆಹಲಿಯಲ್ಲಿ ಮುದ್ರಣವಾಗುವ ಮುಂಚೆಯೇ ಮಿಷನ್‌ನಿಂದ ಬರೆದು ತಿಳಿಸಿರಬೇಕು.

ನಿಮ್ಮದೇ ವರ್ಗಾವಣೆ ಬಂದಾಗ ಕೊನೆಯ ಬರವಣಿಗೆ ಹಸ್ತಾಂತರ ಟಿಪ್ಪಣಿ. ತಿಜೋರಿಯ ಸಂಖ್ಯೆ ಬದಲಿಸಿ, ಸಂಕೇತ ಪುಸ್ತಕಗಳಿಗೂ ರಬ್ಬರ್ ಮೊಹರುಗಳಿಗೂ ಎಣಿಕೆ ಮಾಡಿ ಸಹಿ. ಸ್ಥಳೀಯ ಸಂಪರ್ಕಗಳ ಹೆಸರು, ಯಾರು ಬೆಳಿಗ್ಗೆ ಫೋನ್ ಎತ್ತುವುದಿಲ್ಲ ಎಂಬ ವಿವರ ಸಮೇತ. ಬಾಕಿ ಕಡತಗಳಿಗೆ ತಲಾ ಎರಡು ಸಾಲು ಸಾಕು, ಆದರೆ ಆ ಎರಡು ಸಾಲಿನಲ್ಲಿ ಮುಂದಿನವರು ಎಡವುವ ಕಲ್ಲು ಇರಬೇಕು: 'ಹೆಸರು ಮೂರು ಕಾಗದದಲ್ಲಿ ಮೂರು ಥರ ಇದೆ, ಪಾಸ್‌ಪೋರ್ಟ್ ಸಂಖ್ಯೆ ನೋಡಿ.' 'ಮುಂದಿನ ವಿಚಾರಣೆ 14ಕ್ಕೆ. ಊರಿಂದ ಅಕ್ಕ ಫೋನ್ ಮಾಡುತ್ತಿರುತ್ತಾರೆ. ಮನೆಗೆ ತಿಳಿಸಬೇಡಿ ಎಂದು ಕೈದಿಯೇ ಹೇಳಿದ್ದಾನೆ, ಲಿಖಿತ ಹೇಳಿಕೆ ಕಡತದ 6ನೇ ಪುಟದಲ್ಲಿದೆ.'